ಅಯೋನಾಕ್ಕೆ ಹೋಗುವುದಾದರೆ ಎರಡು ರಾತ್ರಿ ಇಟ್ಟುಕೊಳ್ಳಿ

ಸ್ಕಾಟ್ಲೆಂಡಿನ ಪಶ್ಚಿಮ ಕಡಲಿನ ಅಯೋನಾ ದ್ವೀಪವನ್ನು ಒಂದೇ ದಿನದಲ್ಲಿ ನೋಡಿ ಬರುತ್ತೇವೆ ಅನ್ನುವವರಿಗೆ ನಾನು ಮೊದಲು ಹೇಳುವ ಮಾತು ಇದೇ: ಬೇಡ. ಗ್ಲಾಸ್ಗೋದಲ್ಲಿ ಮಗಳ ಮನೆಗೆ ಬಂದಿದ್ದ ನಾನು, ನನ್ನ ಜೊತೆ ಧಾರವಾಡದಿಂದ ಬಂದಿದ್ದ ಅಕ್ಕ, ನಾವಿಬ್ಬರೂ ಹಾಗೆಯೇ ಅಂದುಕೊಂಡಿದ್ದೆವು. "ಅಮ್ಮಾ, ಅಷ್ಟು ದೂರ ಹೋಗಿ ಎರಡು ತಾಸು ಇದ್ದು ಬರ್ತೀರಾ?" ಅಂತ ಮಗಳು ಕೇಳಿದ ಮೇಲೆ ಎರಡು ರಾತ್ರಿಗೆ ಕೋಣೆ ಹಿಡಿದೆವು. ಈಗ ಅನ್ನಿಸುತ್ತದೆ, ಮೂರು ರಾತ್ರಿಯಾದರೂ ಹೆಚ್ಚಾಗುತ್ತಿರಲಿಲ್ಲ.

ದಾರಿ ಹೀಗಿದೆ. ಗ್ಲಾಸ್ಗೋ ಕ್ವೀನ್ ಸ್ಟ್ರೀಟ್ ನಿಲ್ದಾಣದಿಂದ ಓಬನ್‌ಗೆ ರೈಲು, ಮೂರು ತಾಸಿನ ಮೇಲೆ ಬೇಕು. ರೈಲು ಇಳಿದರೆ ಪಕ್ಕದಲ್ಲೇ ಫೆರಿ ಕಟ್ಟೆ. ಅಲ್ಲಿಂದ ಮಲ್ ದ್ವೀಪದ ಕ್ರೇಗ್ನ್ಯೂರ್‌ಗೆ ಮುಕ್ಕಾಲು ಗಂಟೆ ಚಿಲ್ಲರೆ. ಅಲ್ಲಿಂದ ಬಸ್ಸು ಮಲ್ ದ್ವೀಪವನ್ನು ಅಡ್ಡಹಾಯ್ದು ಸುಮಾರು 60 ಕಿಲೋಮೀಟರ್ ದೂರದ ಫಿನ್ನಫೋರ್ಟ್ ಮುಟ್ಟಿಸುತ್ತದೆ. ಬಹುಪಾಲು ಒಂದೇ ಗಾಡಿ ಹಿಡಿಸುವ ರಸ್ತೆ, ಎದುರು ಗಾಡಿ ಬಂದರೆ ಅಂಚಿನ ಅಗಲ ಜಾಗದಲ್ಲಿ ಒಬ್ಬರು ನಿಲ್ಲಬೇಕು, ಕುರಿಗಳು ಎದ್ದು ಹೋಗುವವರೆಗೆ ಎಲ್ಲರೂ ಕಾಯಬೇಕು. ಕೊನೆಗೆ ಹತ್ತು ನಿಮಿಷದ ಸಣ್ಣ ಫೆರಿ. ಪ್ರವಾಸಿಗರ ಕಾರಿಗೆ ಅಯೋನಾದಲ್ಲಿ ಪ್ರವೇಶವಿಲ್ಲ, ಬಾಡಿಗೆ ಕಾರು ತಂದರೂ ಫಿನ್ನಫೋರ್ಟ್‌ನಲ್ಲೇ ಬಿಡಬೇಕು. ಬಸ್ಸುಗಳು ದಿನಕ್ಕೆ ಕೆಲವೇ. ಚಳಿಗಾಲದಲ್ಲಿ ಇನ್ನೂ ಕಡಿಮೆ. ಫೆರಿ ಮತ್ತು ಬಸ್ಸಿನ ವೇಳೆಯನ್ನು ಅಕ್ಕಪಕ್ಕ ಇಟ್ಟು ನೋಡಿಯೇ ಟಿಕೆಟ್ ತೆಗೆಸಿ.

ನಾವು ಹೋದ ದಿನ ಗಾಳಿ ಎದ್ದು ಸಣ್ಣ ಫೆರಿ ಮೂರು ತಾಸು ನಿಂತಿತು. ಆಚೆ ದಂಡೆಯ ಮಠದ ಗೋಪುರ ಕಣ್ಣಿಗೆ ಕಾಣುತ್ತಿದೆ, ಹೋಗುವ ಹಾಗಿಲ್ಲ. ಆದ್ದರಿಂದ ಹಿಂತಿರುಗಿದ ಮರುದಿನವೇ ವಿಮಾನ ಹತ್ತುವ ಹಾಗೆ ಯಾರೂ ಯೋಜನೆ ಹಾಕಬೇಡಿ, ನಡುವೆ ಒಂದು ದಿನ ಬಿಡುವಿರಲಿ.

ದ್ವೀಪ ಉದ್ದಕ್ಕೆ 6 ಕಿಲೋಮೀಟರ್ ಕೂಡ ಸರಿಯಾಗಿ ಇಲ್ಲ, ಇರುವ ಜನ ಇನ್ನೂರಕ್ಕಿಂತ ಕಡಿಮೆ. 563ರಲ್ಲಿ ಐರ್ಲೆಂಡಿನಿಂದ ಕೊಲಂಬಾ ಎಂಬ ಸನ್ಯಾಸಿ ಹನ್ನೆರಡು ಜನ ಸಂಗಡಿಗರೊಂದಿಗೆ ಇಲ್ಲಿಗೆ ಬಂದು ಮಠ ಕಟ್ಟಿದ. ಆಗಿನ ಮಠ ಮರದ್ದು, ಈಗ ಉಳಿದಿಲ್ಲ. ಕಾಣುವ ಕಲ್ಲಿನ ಮಠ 1200ರ ಸುಮಾರಿನಲ್ಲಿ ಬೆನೆಡಿಕ್ಟೈನ್ ಸನ್ಯಾಸಿಗಳಿಗಾಗಿ ಶುರುವಾದದ್ದು. ಆದರೆ ಅದಕ್ಕಿಂತ ನಾಲ್ಕು ಶತಮಾನ ಹಳೆಯದೊಂದು ಬಾಗಿಲ ಎದುರಿಗೇ ನಿಂತಿದೆ: ಸಂತ ಮಾರ್ಟಿನ್ ಶಿಲುಬೆ. 8ನೇ ಶತಮಾನದ್ದು, ಒಂದೇ ಕಲ್ಲಿನಲ್ಲಿ ಕಡೆದದ್ದು, ನೆಟ್ಟ ಜಾಗದಿಂದ ಇವತ್ತಿಗೂ ಕದಲಿಲ್ಲ.

ಅಕ್ಕ ನಲವತ್ತು ವರ್ಷದಿಂದ ಕಸೂತಿ ಹಾಕುವವಳು. ಶಿಲುಬೆಯ ಪೂರ್ವದ ಮುಖದಲ್ಲಿ ಉಬ್ಬಿದ ಗುಂಡುಗಳಿವೆ, ಅವುಗಳಿಂದ ಹಾವುಗಳು ಹೊರಟು ಒಂದಕ್ಕೊಂದು ಸುತ್ತಿಕೊಂಡಿವೆ. ಅವಳು ಒಂದು ಹಾವಿನ ಮೈಯನ್ನು ಹಿಡಿದು, ಕಲ್ಲು ಮುಟ್ಟದೆ, ಗಾಳಿಯಲ್ಲಿ ಬೆರಳಾಡಿಸುತ್ತಾ ಹೋದಳು. ಮೇಲೆ, ಕೆಳಗೆ, ಮತ್ತೆ ಮೇಲೆ. ದಾರಿ ತಪ್ಪಿ ಎರಡು ಸಲ ಮೊದಲಿಂದ ಶುರು ಮಾಡಿದಳು. ಆಮೇಲೆ ಅಂದಳು, "ಎಳಿ ಎಲ್ಲೂ ಕಡದಿಲ್ಲ ನೋಡ. ಗವಂತಿ ಹಾಕಿದ್ಹಂಗ, ಹೋದ ಎಳಿ ತಿರುಗಿ ಬಂದ ಬರ್ತದ." ಗವಂತಿ ಎಂದರೆ ಕಸೂತಿಯ ಒಂದು ಹೊಲಿಗೆ. ಹಾವು ಎಂದರೆ ನಮಗೆ ನಾಗರಕಲ್ಲು ನೆನಪಾಗುತ್ತದೆ. ಇಲ್ಲಿಯ ಸನ್ಯಾಸಿಗಳಿಗೆ ಪೊರೆ ಕಳಚಿ ಹೊಸದಾಗುವ ಹಾವು ಕ್ರಿಸ್ತನ ಪುನರುತ್ಥಾನದ ಗುರುತು. ಪಶ್ಚಿಮದ ಮುಖದಲ್ಲಿ ಬೈಬಲಿನ ಕಥೆಗಳು: ಮಗುವನ್ನು ಎತ್ತಿಕೊಂಡ ಮೇರಿ, ಸಿಂಹಗಳ ನಡುವಿನ ದಾನಿಯೇಲ, ಮಗನನ್ನು ಬಲಿಕೊಡಲು ಹೊರಟ ಅಬ್ರಹಾಮ.

ಇವನ್ನು ನೋಡಲು ಹೊತ್ತು ಬೇಕು. ಬಿಸಿಲು ನೇರ ಬಿದ್ದಾಗ ಕೆತ್ತನೆ ಚಪ್ಪಟೆಯಾಗಿ ಏನೂ ತಿಳಿಯುವುದಿಲ್ಲ. ಬೇಸಿಗೆಯಲ್ಲಿ ಇಲ್ಲಿ ಸೂರ್ಯ ನಟ್ಟ ದಕ್ಷಿಣಕ್ಕೆ ಬರುವುದು ಮಧ್ಯಾಹ್ನ ಒಂದೂವರೆಯ ಸುಮಾರಿಗೆ. ಅದಕ್ಕೆ ಸ್ವಲ್ಪ ಮೊದಲು ಪೂರ್ವದ ಮುಖದ ಮೇಲೆ, ಸ್ವಲ್ಪ ಆಮೇಲೆ ಪಶ್ಚಿಮದ ಮುಖದ ಮೇಲೆ ಬಿಸಿಲು ಓರೆಯಾಗಿ ಸವರಿ ಹೋಗುತ್ತದೆ. ಆಗ ಸವೆದ ಗೆರೆಗೂ ನೆರಳು ಹುಟ್ಟುತ್ತದೆ. ಬೆಳಗ್ಗೆ ನನಗೆ ಬರೀ ಒರಟು ಕಲ್ಲಾಗಿ ಕಂಡ ಜಾಗದಲ್ಲಿ ಒಂದೂವರೆಗೆ ದಾನಿಯೇಲ ಎದ್ದು ನಿಂತಿದ್ದ. ಊಟದ ಹೊತ್ತು ಅಂತ ಆ ಗಳಿಗೆಯನ್ನು ಬಿಟ್ಟುಕೊಡಬೇಡಿ.

ಪಕ್ಕದ ಸಂತ ಜಾನ್ ಶಿಲುಬೆ 1970ರ ಕಾಂಕ್ರೀಟ್ ಪ್ರತಿ. ಮೂಲದ ತುಂಡುಗಳನ್ನು ಜೋಡಿಸಿ ಮಠದ ಹಿಂದಿನ ಮ್ಯೂಸಿಯಂನಲ್ಲಿ ನಿಲ್ಲಿಸಿದ್ದಾರೆ. ಇದನ್ನು ನೋಡದೆ ಬರಬಾರದು. ಕಲ್ಲಿನ ತುಂಡುಗಳನ್ನು ಬಡಗಿ ಮರ ಕೂಡಿಸುವ ಹಾಗೆ ತೂತು ಮತ್ತು ಗೂಟದಿಂದ ಕೂಡಿಸಿದ್ದರು. ತೋಳುಗಳು ಎರಡು ಮೀಟರಿಗೂ ಅಗಲ, ಭಾರ ತಡೆಯದೆ ಬಿದ್ದಿರಬೇಕು, ಆಮೇಲೆ ಆಸರೆಗೆಂದು ಸುತ್ತ ಕಲ್ಲಿನ ಬಳೆ ಸೇರಿಸಿದರು ಎಂದು ತಿಳಿದವರು ಹೇಳುತ್ತಾರೆ. ಜಗತ್ತಿನಲ್ಲೆಲ್ಲ ಕೆಲ್ಟಿಕ್ ಶಿಲುಬೆ ಎಂದು ಗುರುತಾದ ಆ ಬಳೆ ಇಲ್ಲೇ ಹೀಗೇ ಮೊದಲಾಗಿರಬಹುದು. ಬೀಳುವ ಶಿಲುಬೆಯನ್ನು ಗಟ್ಟಿಯಾಗಿ ನಿಲ್ಲಿಸಲು ಒಬ್ಬ ಕಲ್ಲುಕುಟಿಗ ಕಂಡುಕೊಂಡ ಉಪಾಯದ ಎದುರು ನಾನು ತುಂಬಾ ಹೊತ್ತು ಕೂತಿದ್ದೆ.

ಮಠದ ಮುಂದೆ ಟೋರ್ ಅನ್ ಆಬಾ ಎಂಬ ಸಣ್ಣ ಕಲ್ಲುಗುಡ್ಡೆಯಿದೆ. ಕೊಲಂಬಾ ಕೂತು ಬರೆಯುತ್ತಿದ್ದ ಗುಡಿಸಲು ಇಲ್ಲಿತ್ತೆಂದು ನಂಬಿಕೆ. 1957ರಲ್ಲಿ ಅಗೆದಾಗ ಸಿಕ್ಕ ಇದ್ದಿಲ ಚೂರುಗಳು ಬೆಂಕಿಪೊಟ್ಟಣದಲ್ಲಿ ದಶಕಗಟ್ಟಲೆ ಉಳಿದಿದ್ದವು. ಅವನ್ನು ಪರೀಕ್ಷಿಸಿ, 540ರಿಂದ 650ರ ನಡುವಿನವು ಎಂದು ಗ್ಲಾಸ್ಗೋ ವಿಶ್ವವಿದ್ಯಾಲಯದವರು 2017ರಲ್ಲಿ ತಿಳಿಸಿದರು. ಕೊಲಂಬಾ ಬದುಕಿದ್ದ ಕಾಲಕ್ಕೆ ಅದು ಹೊಂದುತ್ತದೆ. 597ರಲ್ಲಿ ಸಾಯುವ ಹಿಂದಿನ ದಿನವೂ ಆತ ಬೈಬಲಿನ ಕೀರ್ತನೆಯೊಂದನ್ನು ನಕಲು ಮಾಡುತ್ತಿದ್ದ, ದೇವರನ್ನು ಅರಸುವವರಿಗೆ ಕೊರತೆಯಿಲ್ಲ ಎಂಬ ಸಾಲಿಗೆ ನಿಲ್ಲಿಸಿ, ಉಳಿದದ್ದನ್ನು ಶಿಷ್ಯ ಬೈಥಿನ್ ಬರೆಯಲಿ ಎಂದ ಎಂದು ಮಠದ 9ನೆಯ ಮುಖ್ಯಸ್ಥ ಅಡಮ್ನಾನ್ ಬರೆದಿಟ್ಟಿದ್ದಾನೆ. ಡಬ್ಲಿನ್ನಿನ ಟ್ರಿನಿಟಿ ಕಾಲೇಜಿನಲ್ಲಿರುವ ಪ್ರಸಿದ್ಧ ಕೆಲ್ಸ್ ಗ್ರಂಥ, ಅಂದರೆ ಚಿತ್ರ ಬಿಡಿಸಿದ ಸುವಾರ್ತೆಗಳ ಕೈಬರಹದ ಪುಸ್ತಕ, 800ರ ಸುಮಾರಿಗೆ ಇಲ್ಲೇ ಆರಂಭವಾಯಿತೆಂಬುದು ಹಲವು ವಿದ್ವಾಂಸರ ಅಭಿಪ್ರಾಯ. 806ರಲ್ಲಿ ವೈಕಿಂಗರು 68 ಜನರನ್ನು ಕೊಂದ ಮೇಲೆ ಮಠದವರು ಐರ್ಲೆಂಡಿನ ಕೆಲ್ಸ್‌ನಲ್ಲಿ ನೆಲೆ ಮಾಡಿಕೊಂಡರು. ಶಿಲುಬೆಯ ಹೆಣಿಗೆ ನೋಡಿದ ಕಣ್ಣಿಗೆ ಆ ಪುಟಗಳ ಹೆಣಿಗೆ ಬೇರೆ ಅನ್ನಿಸುವುದಿಲ್ಲ.

ಹಾಳುಬಿದ್ದ ಈ ಮಠವನ್ನು ಮತ್ತೆ ಎಬ್ಬಿಸಿದ ಬಗೆ ನನ್ನ ಮನಸ್ಸಿಗೆ ಬಹಳ ಹಿಡಿಸಿತು. ಚರ್ಚಿನ ಮಾಡು 1910ರ ಹೊತ್ತಿಗೆ ಸರಿಹೋಗಿತ್ತು. ಉಳಿದ ಕಟ್ಟಡಗಳಿಗಾಗಿ ಗ್ಲಾಸ್ಗೋದ ಗೋವನ್ ಬಡಾವಣೆಯ ಪಾದ್ರಿ ಜಾರ್ಜ್ ಮಕ್ಲೌಡ್ 1938ರಲ್ಲಿ, ಕೆಲಸ ಕಳೆದುಕೊಂಡ ಕುಶಲಕರ್ಮಿಗಳನ್ನೂ ಪಾದ್ರಿಯಾಗಲು ಕಲಿಯುತ್ತಿದ್ದ ಹುಡುಗರನ್ನೂ ಒಟ್ಟಿಗೆ ಕರೆತಂದ. ಒಟ್ಟಿಗೆ ಗಾರೆ ಕಲಸಿದರು, ಒಟ್ಟಿಗೆ ಪ್ರಾರ್ಥಿಸಿದರು. 1965ಕ್ಕೆ ಕೆಲಸ ಮುಗಿಯಿತು. ಒಳ ಅಂಗಳದಲ್ಲಿ ಯಹೂದಿ ಶಿಲ್ಪಿ ಜಾಕ್ ಲಿಪ್ಷಿಟ್ಸ್ ಮಾಡಿದ ಕಂಚಿನ ಮೇರಿಯ ಶಿಲ್ಪವಿದೆ. ತನ್ನ ಹಿರಿಯರ ನಂಬಿಕೆಗೆ ನಿಷ್ಠನಾದ ಯಹೂದಿಯಾಗಿ, ಮನುಷ್ಯರು ಒಬ್ಬರನ್ನೊಬ್ಬರು ಅರಿಯಲೆಂದು ಇದನ್ನು ಮಾಡಿದೆ ಎಂದು ಅದರ ಮೇಲೆ ಬರೆಸಿದ್ದಾನೆ.

ಮಠ ನೋಡಲು ಟಿಕೆಟ್ ಇದೆ, ಪ್ರಾರ್ಥನೆಗೆ ಬರುವವರಿಗೆ ಇಲ್ಲ. ರಾತ್ರಿ ಪ್ರಾರ್ಥನೆಗೆ ನಾವಿಬ್ಬರೂ ಹೋದೆವು. ನೀವು ಯಾರು, ಯಾವ ಧರ್ಮದವರು ಎಂದು ಯಾರೂ ಕೇಳಲಿಲ್ಲ, ಹಾಡಿನ ಪುಸ್ತಕ ಕೈಗಿತ್ತು ಜಾಗ ತೋರಿಸಿದರು. ಹಸಿರು ಎಳೆಯ ಬಿಳಿ ಅಯೋನಾ ಅಮೃತಶಿಲೆಯ ವೇದಿಕೆ, ಮೇಣದ ಬತ್ತಿ, ಹೊರಗೆ ಹತ್ತು ಗಂಟೆಯಾದರೂ ಆರದ ಜೂನ್ ಬೆಳಕು. ವಾಪಸು ಬರುವಾಗ ಹುಲ್ಲಿನೊಳಗಿಂದ ಕಾರ್ನ್‌ಕ್ರೇಕ್ ಹಕ್ಕಿ ಕೂಗುತ್ತಿತ್ತು, ಬಾಚಣಿಗೆಯ ಹಲ್ಲಿನ ಮೇಲೆ ಉಗುರು ಎಳೆದ ಹಾಗೆ. ಸಂಜೆ ಫೆರಿಗೆ ಮರಳುವವರಿಗೆ ಇದು ದಕ್ಕುವುದಿಲ್ಲ.

ಬೆಳ್ಳಿ ಕೊಳ್ಳುವ ಆಸೆ ಇರುವವರಿಗೆ ಒಂದು ಮಾತು. ಅಲೆಕ್ಸಾಂಡರ್ ಮತ್ತು ಯೂಫೆಮಿಯಾ ರಿಚಿ ದಂಪತಿ 1899ರ ಸುಮಾರಿಗೆ ಇಲ್ಲಿ ಈ ಕಲ್ಲುಗಳ ವಿನ್ಯಾಸವನ್ನು ಬೆಳ್ಳಿ, ಹಿತ್ತಾಳೆಗೆ ಇಳಿಸಲು ಶುರು ಮಾಡಿದರು. ಇಬ್ಬರೂ 1941ರಲ್ಲಿ ತೀರಿಕೊಂಡರು. ಅವರು ಹಾಕಿಕೊಟ್ಟ ದಾರಿಯಲ್ಲಿ ದ್ವೀಪದಲ್ಲಿ ಇಂದಿಗೂ ಕೆಲಸ ನಡೆದಿದೆ. ನಗರದ ಒಂದು ಅಂಗಡಿಯಲ್ಲಿ ನಾನು ಕೆಲ್ಟಿಕ್ ಎಂದು ಕೊಂಡ ಪದಕವನ್ನು ಅಕ್ಕ ತಿರುಗಿಸಿ ನೋಡಿದಳು: ಎಳೆ ಎರಡು ಕಡೆ ಸುಮ್ಮನೆ ಗೋಡೆಗೆ ಬಡಿದ ಹಾಗೆ ನಿಂತಿತ್ತು. ಕೊಳ್ಳುವ ಮೊದಲು ಬೆರಳಿಂದ ಎಳೆ ಹಿಡಿದು ನೋಡಿ, ಹಿಂದೆ 925 ಎಂಬ ಅಂಕಿ ಮತ್ತು ಹಾಲ್‌ಮಾರ್ಕ್ ಇದೆಯೇ ನೋಡಿ. ಎಡಿನ್‌ಬರೋದಲ್ಲಿ ಪರೀಕ್ಷೆಯಾದ ಬೆಳ್ಳಿಗೆ ಕೋಟೆಯ ಮುದ್ರೆ ಇರುತ್ತದೆ.

ಉಳಿದದ್ದು ಬೇಗ ಹೇಳಿಬಿಡುತ್ತೇನೆ. ಜೆಟ್ಟಿ ಹತ್ತಿರ ಸಣ್ಣ ಅಂಗಡಿಯೊಂದಿದೆ, ಸಸ್ಯಾಹಾರಿಗಳು ಅವಲಕ್ಕಿ, ಚಟ್ನಿಪುಡಿ ಜೊತೆಗಿಟ್ಟುಕೊಳ್ಳಿ. ಕೋಣೆಗಳು ಕಡಿಮೆ, ಬೇಸಿಗೆಗೆ ತಿಂಗಳುಗಟ್ಟಲೆ ಮೊದಲೇ ಹಿಡಿಯಬೇಕು. ಕೊಡೆ ಗಾಳಿಗೆ ನಿಲ್ಲುವುದಿಲ್ಲ, ಟೋಪಿಯಿರುವ ಮಳೆಕೋಟು ತನ್ನಿ. ಕೊಲಂಬಾ ಬಂದಿಳಿದ ದಕ್ಷಿಣದ ಕೊಲ್ಲಿಗೆ ಹೋಗುವ ದಾರಿ ಕೆಸರು, ನೀರು ಹಿಡಿಯದ ಬೂಟು ಬೇಕೇ ಬೇಕು. ಅಲ್ಲಿಯ ಬೆಣಚುಗಳ ನಡುವೆ ಹಸಿರು ಕಲ್ಲು ಹುಡುಕಬಹುದು. ಯಾತ್ರಿಕರು ಒಂದು ಕಲ್ಲನ್ನು, ಬಿಟ್ಟುಬಿಡಬೇಕಾದ ಏನನ್ನೋ ನೆನೆದು, ಸಮುದ್ರಕ್ಕೆ ಎಸೆಯುತ್ತಾರೆ. ಕಡಲು ಶಾಂತವಿದ್ದರೆ ಸ್ಟಾಫಾ ದ್ವೀಪಕ್ಕೂ ದೋಣಿ ಸಿಗುತ್ತದೆ, ಮಲ್ಪೆಯ ಸೇಂಟ್ ಮೇರೀಸ್ ದ್ವೀಪ ನೋಡಿದವರಿಗೆ ಅಲ್ಲಿಯ ಕಲ್ಲುಕಂಬಗಳ ಸಾಲು ಪರಿಚಿತ ಅನ್ನಿಸುತ್ತದೆ.

ವಾಪಸು ಬಸ್ಸಿನಲ್ಲಿ ಅಕ್ಕ ಚೌಕುಳಿ ಪುಸ್ತಕ ತೆಗೆದು ಆ ಹಾವನ್ನು ಬರೆಯತೊಡಗಿದಳು. ಎಳೆ ಎಣಿಸಿ ಹಾಕುವ ಕಸೂತಿಯಲ್ಲಿ ಬಾಗು ಕೂಡುವುದಿಲ್ಲ, ಮೂಲೆ ಮಾಡಿಕೊಂಡೇ ತಿರುಗಿಸಬೇಕು. ಕ್ರೇಗ್ನ್ಯೂರ್ ಬರುವಷ್ಟರಲ್ಲಿ ಮೂರು ಗುಂಡು ಸುತ್ತಿಸಿದ್ದಳು. ನಾಲ್ಕನೆಯದರ ಹತ್ತಿರ ಹಾವು ಮೇಲೆ ಹೋಯಿತೋ ಕೆಳಗೆ ಹೋಯಿತೋ ಎಂದು ನನ್ನ ಫೋನಿನ ಫೋಟೋ ದೊಡ್ಡದು ಮಾಡಿ ನೋಡುತ್ತಿದ್ದಳು, ಒಂದೂವರೆಗೆ ಸ್ವಲ್ಪ ಮೊದಲು ತೆಗೆದದ್ದನ್ನು.