ಸೊನಿತಾಳ ಆರು ತಿಂಗಳು

ಜುಲೈ 13, 2025, ಭಾನುವಾರ

ಊಟ ಮುಗಿಸಿ ಅತ್ತಿಗೆಯ ಜೊತೆ ‘ಸೊನಿತಾ’ ಇನ್ನೊಮ್ಮೆ ನೋಡಿದೆ. ಇರಾನಿನ ರೊಖ್ಸಾರೆ ಘಾಯೆಮ್ ಮಘಾಮಿ ಮಾಡಿದ 2015ರ ಸಾಕ್ಷ್ಯಚಿತ್ರ. ಹೆರಾತ್ ಬಿಟ್ಟು ಟೆಹರಾನಿಗೆ ಬಂದ ಆಫ್ಘನ್ ಹುಡುಗಿ ಸೊನಿತಾ ಅಲಿಜಾದೆ ಅದರಲ್ಲಿ ಯಾವ ಪಾತ್ರವನ್ನೂ ಮಾಡುವುದಿಲ್ಲ, ತಾನೇ ತಾನಾಗಿರುತ್ತಾಳೆ. ಕೈಯಲ್ಲಿ ಕಾಗದಪತ್ರ ಇಲ್ಲ, ಹೊಟ್ಟೆಪಾಡಿಗೆ ಗುಡಿಸಿ ಒರೆಸುವ ಕೆಲಸ, ತಲೆ ತುಂಬ ರ‍್ಯಾಪ್. ನೋಟ್‌ಬುಕ್ಕಿನಲ್ಲಿ ಪಾಪ್ ಗಾಯಕಿ ರಿಹಾನಾಳ ಚಿತ್ರ ಅಂಟಿಸಿ, ಮುಖದ ಜಾಗಕ್ಕೆ ತನ್ನ ಫೋಟೋ ಕತ್ತರಿಸಿ ಮೆತ್ತಿಕೊಂಡಿದ್ದಾಳೆ. ಇರಾನಿನಲ್ಲಿ ಗಂಡಸರ ಎದುರು ಹೆಣ್ಣೊಬ್ಬಳೇ ಹಾಡುವಂತಿಲ್ಲ. ಪರವಾನಗಿ ಇಲ್ಲದ ಹುಡುಗಿಯ ದನಿ ರೆಕಾರ್ಡ್ ಮಾಡಲು ಸ್ಟುಡಿಯೋದವರೂ ಹಿಂಜರಿಯುತ್ತಾರೆ.

ಅಷ್ಟರಲ್ಲಿ ಊರಿಂದ ತಾಯಿ ಬರುತ್ತಾಳೆ. ಮಗನ ಮದುವೆಗೆ ಹೆಣ್ಣಿನ ಕಡೆಯವರಿಗೆ ದುಡ್ಡು ಕೊಡಬೇಕು, ಅದಕ್ಕೆ ಸೊನಿತಾಳನ್ನು ಮದುವೆ ಮಾಡಿಕೊಟ್ಟರೆ 9,000 ಡಾಲರ್ ಸಿಗುತ್ತದೆ. ನಮ್ಮಲ್ಲೂ ಎಷ್ಟೋ ಸಮುದಾಯಗಳಲ್ಲಿ ತೆರ ಕೊಟ್ಟು ಹೆಣ್ಣು ತರುವ ರೂಢಿ ಇತ್ತಲ್ಲ, ಅತ್ತಿಗೆಗೆ ಬಿಡಿಸಿ ಹೇಳಬೇಕಾಗಲಿಲ್ಲ.

ನನ್ನ ತಲೆಯಲ್ಲಿ ಕೊರೆಯುವುದು ಆಮೇಲಿನ ಭಾಗ. ನನ್ನನ್ನು ನೀವೇ ಕೊಂಡುಕೊಳ್ಳಬಾರದೇ ಎಂಬ ಅರ್ಥದಲ್ಲಿ ಸೊನಿತಾ ನಿರ್ದೇಶಕಿಯನ್ನೇ ಕೇಳುತ್ತಾಳೆ. ಸಾಕ್ಷ್ಯಚಿತ್ರದವರು ನಡುವೆ ಕೈ ಹಾಕಬಾರದು ಅನ್ನುವುದು ನಮ್ಮ ಕಸುಬಿನಲ್ಲಿ ಹಳೆಯ ಮಾತು. ಮಘಾಮಿ ತಡವರಿಸುತ್ತಾರೆ, ಕೊನೆಗೆ 2,000 ಡಾಲರ್ ಕೊಡುತ್ತಾರೆ. ಅದರಿಂದ ಮದುವೆ ಮುಂದೂಡಲು ಸಿಗುವುದು ಆರು ತಿಂಗಳ ವಾಯಿದೆ, ಅಷ್ಟೇ.

“ಮತ್ತೇನು ಮಾಡ್ಬೇಕಿತ್ತು ಕಣೇ? ಕ್ಯಾಮರಾ ಹಿಡ್ಕೊಂಡು ಸುಮ್ನೆ ನಿಂತಿದ್ರೆ ಆ ಹುಡ್ಗೀನ ಕಟ್ಬಿಡ್ತಿದ್ರಲ್ಲ!” ಅಂದರು ಅತ್ತಿಗೆ.

ಕೊಟ್ಟದ್ದು ಸರಿಯೇ ಅನ್ನುವುದರಲ್ಲಿ ನನಗೂ ಅನುಮಾನವಿಲ್ಲ. ಎಡಿಟಿಂಗ್ ಟೇಬಲ್ ಮುಂದೆ ಕೂತು ಕೂತು ಬೆನ್ನು ಬಾಗಿದವಳು ನಾನು. ನನಗೆ ಕಾಣುವುದೇ ಬೇರೆ. ಆ ದುಡ್ಡಿನ ಮಾತುಕತೆಯನ್ನು ಕತ್ತರಿಸಿ ಎಸೆಯುವುದು ಎಷ್ಟು ಸುಲಭವಿತ್ತು! ಎಸೆದಿದ್ದರೆ ಒಬ್ಬ ಹುಡುಗಿ ಬರೀ ತನ್ನ ಛಲದಿಂದ ಗೆದ್ದ ಚಂದದ ಕತೆಯಾಗುತ್ತಿತ್ತು, ಸುಳ್ಳಾಗಿರುತ್ತಿತ್ತು. ಅವರು ಇಟ್ಟುಕೊಂಡರು. ಅಲ್ಲಿಂದ ಮುಂದೆ ಏನು ನಡೆದರೂ ಅದರಲ್ಲಿ ಕ್ಯಾಮರಾದ ಪಾಲೂ ಇದೆ ಅಂತ ನೋಡುವವರಿಗೆ ಗೊತ್ತಿರುತ್ತದೆ.

ಆ ಅವಧಿಯಲ್ಲೇ ಹಾಡಿನ ವಿಡಿಯೋ ಆಗುತ್ತದೆ. ಮದುಮಗಳ ಉಡುಪು, ಕಣ್ಣ ಸುತ್ತ ಪೆಟ್ಟು ಬಿದ್ದ ಹಾಗೆ ಕಪ್ಪು ಬಣ್ಣ, ಹಣೆಯ ಮೇಲೆ ಅಂಗಡಿ ಸಾಮಾನಿಗಿರುವಂಥ ಬಾರ್‌ಕೋಡ್. ಯೂಟ್ಯೂಬಿಗೆ ಹಾಕಿದ ಮೇಲೆ ಅಮೆರಿಕದ ಯೂಟಾದ ಶಾಲೆಯೊಂದರಲ್ಲಿ ಓದಲು ಅವಕಾಶ ಬಂತು. 2016ರಲ್ಲಿ ಅಮೆರಿಕದ ಸನ್‌ಡಾನ್ಸ್ ಚಿತ್ರೋತ್ಸವದಲ್ಲಿ ಚಿತ್ರಕ್ಕೆ ವಿಶ್ವ ಸಾಕ್ಷ್ಯಚಿತ್ರ ವಿಭಾಗದ ತೀರ್ಪುಗಾರರ ಪ್ರಶಸ್ತಿ, ಪ್ರೇಕ್ಷಕರ ಪ್ರಶಸ್ತಿ ಎರಡೂ. ಪಾಸ್‌ಪೋರ್ಟಿಗಾಗಿ ಆಫ್ಘಾನಿಸ್ತಾನಕ್ಕೆ ಹೋಗುವ ಕೊನೆಯ ಭಾಗದಲ್ಲಿ ಎದೆ ಡವಗುಟ್ಟುತ್ತದೆ, ನಿಜ. ಆದರೂ ನನಗೆ ಇಷ್ಟವಾಗುವುದು ಮೊದಲರ್ಧವೇ. ಟೆಹರಾನಿನ ಆಶ್ರಯ ಕೇಂದ್ರದಲ್ಲಿ ಹುಡುಗಿಯರು ಕೂತು ತಮಗೆಷ್ಟು ಬೆಲೆ ಕಟ್ಟಿದ್ದಾರೆ ಅಂತ ತರಕಾರಿ ದರ ಹೇಳಿದಷ್ಟು ಸಲೀಸಾಗಿ ಮಾತಾಡಿಕೊಳ್ಳುತ್ತಾರೆ. ಹಿನ್ನೆಲೆ ಸಂಗೀತ ಹಾಕಿ ನೋಡುವವರನ್ನು ಅಳಿಸುವ ಆಸೆ ಯಾರಿಗಾದರೂ ಬರುವ ಜಾಗ ಅದು.

ಅತ್ತಿಗೆಗೆ ತಾಯಿಯ ಮೇಲೆ ಸಿಟ್ಟು ಇಳಿದಿಲ್ಲ. ರಾತ್ರಿ ಚಪಾತಿ ಲಟ್ಟಿಸುವಾಗಲೂ ಅದೇ ಮಾತು. ಆಕೆಯ ಮದುವೆಯೂ ಹಾಗೇ ಆದದ್ದಲ್ವಾ ಅತ್ತಿಗೆ, ಅಂದೆ. “ಅದಕ್ಕೇ ಹೇಳ್ತಿರೋದು, ಅವಳಿಗೆ ಗೊತ್ತಿರ್ಬೇಕಿತ್ತು” ಅಂದರು.