ಭೂಮಿಯನ್ನು ಎಲ್ಲಿ ಹೊರಗೆ ಕೂರಿಸುವುದು?

ಫೆಬ್ರವರಿ ಎರಡನೇ ವಾರ ಬಂತೆಂದರೆ ನಮ್ಮ ಕಡೆ ಗಾಳಿಯೇ ಬೇರೆ. ಬೆಳಿಗ್ಗೆ ಚಳಿ, ಬಿಸಿಲೇರುವಾಗ ಒಣಗಾಳಿ. ಗೇರು ಹೂವಿನ ವಾಸನೆ ಅಂಗಳದ ತನಕ ಬರುತ್ತದೆ. ಅಜ್ಜಿ ಅದನ್ನು ಕೆಡ್ಡಸದ ಗಾಳಿ ಅನ್ನುತ್ತಿದ್ದರು. ನನಗೆ 16 ವರ್ಷ ಆಗಿದ್ದಾಗ, ಕೆಡ್ಡಸ ಶುರುವಾದ ದಿನವೇ ನಾನೂ ಹೊರಗೆ ಆದೆ.

ಕೆಡ್ಡಸ ಅಂದರೆ ತುಳುನಾಡಿನಲ್ಲಿ ಭೂಮಿತಾಯಿ ಮುಟ್ಟಾಗುವ ಮೂರು ದಿನ. ತುಳು ತಿಂಗಳು ಪೊನ್ನಿಯ ಕೊನೆಗೆ ಬರುತ್ತದೆ. ಆ ಮೂರು ದಿನ ಗದ್ದೆ ಉಳುವ ಹಾಗಿಲ್ಲ. ನೆಲ ಅಗೆಯುವ ಹಾಗಿಲ್ಲ. ಹಸಿ ಗಿಡಕ್ಕೆ ಕತ್ತಿ ಹಾಕುವ ಹಾಗಿಲ್ಲ. ಅವಳಿಗೆ ನೋವಾಗುತ್ತದೆ, ಮಲಗಿರಲಿ ಎಂದು. ಮನೆಯಲ್ಲಿ ಅಕ್ಕಿ, ಕಾಳು ಹುರಿದು ಪುಡಿ ಮಾಡಿ ಬೆಲ್ಲ, ತೆಂಗಿನಕಾಯಿ ಸೇರಿಸಿ ನನ್ನೆರಿ ಮಾಡುತ್ತಾರೆ. ಮಕ್ಕಳಿಗೆ ಅದೇ ಹಬ್ಬ.

ನನಗೆ ಮಾತ್ರ ಆ ವರ್ಷ ಹಬ್ಬ ಬೇಡವಾಗಿತ್ತು. ಅದಕ್ಕೆ ಕಾರಣ ಹೇಳಬೇಕಾದರೆ ಎರಡು ತಿಂಗಳು ಹಿಂದೆ ಹೋಗಬೇಕು.

ನಾನು ಸಣ್ಣದರಿಂದಲೂ ಭಜನೆಯಲ್ಲಿ ಬೆಳೆದವಳು. ಪ್ರತಿ ಶನಿವಾರ ಸಂಜೆ ಊರಿನ ಭಜನಾ ಮಂದಿರಕ್ಕೆ ಹೋಗದೆ ಇದ್ದರೆ ಊಟ ಸೇರುತ್ತಿರಲಿಲ್ಲ. ಯಾರೂ ಒತ್ತಾಯ ಮಾಡಿದ್ದಲ್ಲ. ದೀಪದ ಸುತ್ತ ಕೂತು ತಾಳ ಹಾಕುವಾಗ ನನಗೆ ನಿಜವಾಗಿಯೂ ದೇವರು ಹತ್ತಿರ ಇದ್ದಾನೆ ಅನಿಸುತ್ತಿತ್ತು. ಈಗಲೂ ಅನಿಸುತ್ತದೆ. ಡಿಸೆಂಬರಿನಲ್ಲಿ ಏಕಾಹ ಭಜನೆ. ಸೂರ್ಯ ಹುಟ್ಟುವಾಗ ಹಚ್ಚಿದ ದೀಪ ಮರುದಿನ ಸೂರ್ಯ ಹುಟ್ಟುವ ತನಕ ಆರಬಾರದು, ಹಾಡು ನಿಲ್ಲಬಾರದು. ನಮ್ಮ ತಂಡಕ್ಕೆ ರಾತ್ರಿ ಹತ್ತರಿಂದ ಹನ್ನೊಂದು. ಮೊದಲ ಬಾರಿ ನಾನೇ ಎತ್ತಿ ಹಾಡಬೇಕಿತ್ತು. ಒಂದು ತಿಂಗಳು ಅಭ್ಯಾಸ ಮಾಡಿದ್ದೆ.

ಅವತ್ತು ಮಧ್ಯಾಹ್ನ ಮೂರು ಗಂಟೆಗೆ ಮುಟ್ಟಾಯಿತು.

ಬಚ್ಚಲಲ್ಲಿ ಬಾಗಿಲು ಹಾಕಿಕೊಂಡು ತುಂಬಾ ಹೊತ್ತು ನಿಂತಿದ್ದೆ. ಆಮೇಲೆ ಯಾರಿಗೂ ಹೇಳಲಿಲ್ಲ. ತಲೆಗೆ ಮಲ್ಲಿಗೆ ಮುಡಿದು, ಅಮ್ಮನ ಜೊತೆ ಹೋಗಿ, ದೀಪದ ಎದುರು ಕೂತು ಹಾಡಿದೆ. ಚೆನ್ನಾಗಿಯೇ ಹಾಡಿದೆ. ಮನೆಗೆ ಬಂದು ರಾತ್ರಿಯಿಡೀ ನಿದ್ದೆ ಇಲ್ಲ. ನಾಲ್ಕನೇ ದಿನ ಅಪ್ಪ ತೋಟದ ಕಟ್ಟಪುಣಿಯಲ್ಲಿ, ಅಂದರೆ ಬದುವಿನ ಮೇಲೆ, ಜಾರಿ ಬಿದ್ದು ಮಣಿಕಟ್ಟು ಮುರಿದುಕೊಂಡರು.

ಅಪ್ಪನ ಕೈಗೆ ಪ್ಲಾಸ್ಟರ್ ಹಾಕುವಾಗ ನಾನು ಆಸ್ಪತ್ರೆಯ ಗೋಡೆಗೆ ಒರಗಿ ಮನಸ್ಸಲ್ಲೇ ಒಂದೇ ಮಾತು ಹೇಳುತ್ತಿದ್ದೆ, ನನ್ನಿಂದ, ನನ್ನಿಂದ. ಮರುದಿನದಿಂದ ಒಂದು ನೋಟ್ ಪುಸ್ತಕದಲ್ಲಿ ದಿನಕ್ಕೆ 108 ಸಲ ‘ನಮಃ ಶಿವಾಯ’ ಬರೆಯಲು ಶುರು ಮಾಡಿದೆ. ಸೋಮವಾರ ಉಪವಾಸ. ಸ್ನಾನಕ್ಕೆ ಹೋದರೆ ಚರ್ಮ ಕೆಂಪಾಗುವ ಹಾಗೆ ಉಜ್ಜುತ್ತಿದ್ದೆ. ಕನ್ನಡಿ ನೋಡಿದರೆ ಒಂದು ಥರ ಅಸಹ್ಯ. ನನ್ನ ಮೈಯೇ ನನಗೆ ಮೋಸ ಮಾಡಿತು ಅನಿಸುತ್ತಿತ್ತು.

ಅದಕ್ಕೆ ಸರಿಯಾಗಿ ಅದೇ ದಿನಗಳಲ್ಲಿ ಅತ್ತೆಯೊಬ್ಬರು, ನಾನು ಬಸ್‌ಸ್ಟಾಪಿನಲ್ಲಿ ಕ್ಲಾಸಿನ ಹುಡುಗನ ಹತ್ತಿರ ನೋಟ್ಸ್ ಕೇಳಿದ್ದನ್ನು ನೋಡಿ, ಮನೆಗೆ ಬಂದು ಹೇಳಿದರು, “ಮುಳ್ಳು ಸೆರಗಿನ ಮೇಲೆ ಬಿದ್ರೂ, ಸೆರಗು ಮುಳ್ಳಿನ ಮೇಲೆ ಬಿದ್ರೂ ಹರಿಯುವುದು ಸೆರಗೇ.” ಎಲ್ಲರೂ ತಲೆಯಾಡಿಸಿದರು. ನಾನೂ ತಲೆಯಾಡಿಸಿದೆ. ನಾನು ಬಟ್ಟೆ ಅಲ್ಲ, ಮನುಷ್ಯಳು ಎಂದು ಹೇಳಲು ನನಗೆ ಆಗ ಗೊತ್ತೇ ಇರಲಿಲ್ಲ. ಒಂದು ಕಡೆ ತಿಂಗಳಿಗೆ ಮೂರು ದಿನ ಮೈಲಿಗೆ, ಇನ್ನೊಂದು ಕಡೆ ಒಂದು ಮಾತಿಗೆ ಹರಿದು ಹೋಗುವ ಮರ್ಯಾದೆ. ಹೆಣ್ಣಿನ ಶುದ್ಧಿ ಅಷ್ಟು ತೆಳುವಾ ಎಂದು ಆಗ ಕೇಳಿಕೊಳ್ಳಲಿಲ್ಲ. ಇನ್ನೂ ಜಾಗ್ರತೆಯಾಗಿರಬೇಕು ಎಂದುಕೊಂಡೆ, ಅಷ್ಟೇ.

ಹೀಗಿರುವಾಗ ಕೆಡ್ಡಸ ಬಂತು. ನಾನು ಜಗಲಿಯ ಮೂಲೆಯಲ್ಲಿ ಚಾಪೆ, ಒಂದು ತಟ್ಟೆ, ಒಂದು ಲೋಟ ಇಟ್ಟುಕೊಂಡು ಕೂತಿದ್ದೆ. ತಮ್ಮ “ಅಕ್ಕ ಯಾಕೆ ಒಳಗೆ ಬರುವುದಿಲ್ಲ?” ಎಂದರೆ ಅಮ್ಮನ ಉತ್ತರ ಯಾವಾಗಲೂ ಒಂದೇ, ಕಾಗೆ ಮುಟ್ಟಿದೆ. ಅವನು ಪಾಪ, ಕಾಗೆ ಕಂಡರೆ ಕಲ್ಲು ಹೊಡೆಯುತ್ತಿದ್ದ. ಎದುರಿಗೇ ನಮ್ಮ ಮಲ್ಲಿಗೆ ಗಿಡಗಳು. ಅಮ್ಮ ಬೆಳಿಗ್ಗೆ ಮೊಗ್ಗು ಕೊಯ್ದು ಬಾಳೆನಾರಿನಲ್ಲಿ ಕಟ್ಟಿ ಮಾರುತ್ತಿದ್ದರು. ನಾಲ್ಕು ಚೆಂಡು ಸೇರಿದರೆ ಒಂದು ಅಟ್ಟೆ. ಮುಟ್ಟಾದವರು ಹತ್ತಿರ ಹೋದರೆ ಗಿಡ ಬಾಡುತ್ತದೆ ಎಂದು ಆ ಮೂರು ದಿನ ನನಗೆ ಆ ಕಡೆ ಹೋಗಲಿಕ್ಕಿಲ್ಲ.

(ತುಂಬಾ ವರ್ಷದ ಮೇಲೆ ಓದಿದೆ, 1920ರಲ್ಲಿ ಬೇಲಾ ಶಿಕ್ ಎಂಬ ದೊಡ್ಡ ವೈದ್ಯರೇ, ಮುಟ್ಟಾದ ಹೆಂಗಸು ಮುಟ್ಟಿದ ಹೂವು ಬಾಡಿತೆಂದು ಮೈಯಲ್ಲಿ ಏನೋ ವಿಷ ಇರಬೇಕು ಅಂದಿದ್ದರಂತೆ. ಅದಕ್ಕೊಂದು ಹೆಸರೂ ಇಟ್ಟಿದ್ದರು. ಆ ವಿಷ ಕೊನೆಗೂ ನಿಜ ಎಂದು ನಿಲ್ಲಲಿಲ್ಲ. ಓದಿ ಸಿಟ್ಟು ಬಂತು. ಜೊತೆಗೆ, ನಮ್ಮಮ್ಮ ಒಬ್ಬರೇ ಅಲ್ಲವಲ್ಲ ಎಂದು ಸಮಾಧಾನವೂ ಆಯಿತು.)

ಮೂರನೇ ದಿನ, ಕಡೆ ಕೆಡ್ಡಸ. ಬೆಳಿಗ್ಗೆ ಅಜ್ಜಿ ತುಳಸಿಕಟ್ಟೆಯ ಪಕ್ಕ ಸ್ವಲ್ಪ ಜಾಗ ಗುಡಿಸಿ ಸೆಗಣಿ ಸಾರಿಸಿದರು. ಬಾಳೆ ಎಲೆಯ ತುದಿ ಹಾಕಿ ಅದರ ಮೇಲೆ ಸೀಗೆಪುಡಿ, ಅರಸಿನದ ಕೊಂಬು, ಕುಂಕುಮ, ವೀಳ್ಯದೆಲೆ, ಒಂದು ಬಾಚಣಿಗೆ, ಅಪ್ಪ ಗಡ್ಡ ತೆಗೆಯುವ ಸಣ್ಣ ಕನ್ನಡಿ. ಮನೆಯ ಮಗಳು ಮಿಂದು ತಲೆ ಬಾಚಿಕೊಳ್ಳಲು ಏನೇನು ಬೇಕೋ ಎಲ್ಲ. ಆಮೇಲೆ ಗೆರಟೆಯಲ್ಲಿದ್ದ ಎಣ್ಣೆಯನ್ನು ನೆಲಕ್ಕೆ ಹೊಯ್ದರು.

ನಾನು ಆ ಎಣ್ಣೆಯನ್ನೇ ನೋಡುತ್ತಿದ್ದೆ. ಅದು ತಕ್ಷಣ ಇಂಗಲಿಲ್ಲ. ಸಾರಿಸಿದ ಸೆಗಣಿಯ ಮೇಲೆ ದಪ್ಪಗೆ ನಿಂತು, ಬಿಸಿಲಿಗೆ ಹೊಳೆದು, ಮೆಲ್ಲ ಅಂಚಿಗೆ ಸರಿಯಿತು. ಅಲ್ಲಿ ಒಣಮಣ್ಣು ಸಿಕ್ಕಿದ್ದೇ ಕಪ್ಪಾಗಿ ಒಳಗೆ ಇಳಿಯಿತು. ಅಜ್ಜಿ ಅಂಗೈಯಲ್ಲಿ ನೆಲವನ್ನು ಮೃದುವಾಗಿ ತಿಕ್ಕಿದರು. ಬೆರಳಿನ ತುದಿಯಿಂದ ಸಣ್ಣ ಸಣ್ಣ ಸುತ್ತು. ಶನಿವಾರ ನನ್ನ ನೆತ್ತಿಗೆ ಎಣ್ಣೆ ಹಚ್ಚುವಾಗಲೂ ಅದೇ ಬೆರಳು, ಅದೇ ಸುತ್ತು.

ಆಗ ಬಾಯಿಗೆ ಬಂದದ್ದು ಈ ಪ್ರಶ್ನೆ. ಯೋಚನೆ ಮಾಡಿ ಕೇಳಿದ್ದಲ್ಲ.

“ಅಜ್ಜಿ, ಭೂಮಿ ಮುಟ್ಟಾದ್ರೆ ಅವಳನ್ನು ಎಲ್ಲಿ ಹೊರಗೆ ಕೂರಿಸುವುದು?”

“ಎಂತ?”

“ದೇವಸ್ಥಾನ ಇರುವುದೂ ಅವಳ ಮೇಲೆಯೇ ಅಲ್ವಾ? ಈ ತುಳಸಿ ನೆಟ್ಟದ್ದೂ ಅವಳಲ್ಲೇ. ಮೂರು ದಿನ ಪೂಜೆ ನಿಲ್ಲಿಸಿದ್ದಾರಾ?”

ಅಜ್ಜಿ ತಿರುಗಿ ನನ್ನನ್ನು ನೋಡಿದರು. ಬೈಯುತ್ತಾರೆ ಅಂದುಕೊಂಡೆ. ಬೈಯಲಿಲ್ಲ. ಸೆರಗಿಗೆ ಕೈ ಒರೆಸಿಕೊಂಡು ಜಗಲಿಯ ಮೆಟ್ಟಿಲಿಗೆ ಬಂದು ಕೂತರು. ನನ್ನಿಂದ ಒಂದು ಮಾರು ದೂರ.

“ನನಗೆ ಹದಿನೈದಕ್ಕೆ ಮದುವೆ,” ಅಂದರು. “ಈ ಮನೆಗೆ ಬಂದ ಮೇಲೆ ಬೆನ್ನು ನೆಲಕ್ಕೆ ತಾಗಿದ್ದು ಅಂದ್ರೆ ಆ ಮೂರು ದಿನ ಮಾತ್ರ. ಯಾರೂ ಕೆಲಸ ಹೇಳುವುದಿಲ್ಲ. ಮಳೆಗಾಲದಲ್ಲಿ ಕೊಟ್ಟಿಗೆ ಮೂಲೆಯಲ್ಲಿ ಗೋಣಿ ಹಾಸಿ ಮಲಗುವುದು. ನುಸಿ. ಆದ್ರೂ ನಿದ್ದೆ ಬರ್ತಿತ್ತು.” ಸ್ವಲ್ಪ ಹೊತ್ತು ಬಿಟ್ಟು, “ನಿನಗೆ ನಿದ್ದೆ ಇಲ್ಲ ಅಲ್ವಾ? ಎರಡು ತಿಂಗಳಿಂದ ನೋಡ್ತಾ ಇದ್ದೇನೆ. ಎಂತ ಆಗಿದೆ?”

ಅಳು ಬಂತು. ಏಕಾಹದ ದಿನದ್ದೆಲ್ಲ ಹೇಳಿದೆ. ಅಪ್ಪನ ಕೈ ನನ್ನಿಂದಲೇ ಮುರಿದದ್ದು ಅಂದೆ.

ಅಜ್ಜಿ ಪೂರ್ತಿ ಕೇಳಿದರು. ಆಮೇಲೆ ಹೇಳಿದ್ದು ಇಷ್ಟೇ. “ನಿನ್ನ ಅಪ್ಪನ ಕೈ ಮುರಿದದ್ದು ಪಾಚಿಯಿಂದ. ಆ ಕಟ್ಟಪುಣಿಯ ಪಾಚಿ ಕೆರೆದು ತೆಗಿ ಅಂತ ನಾನು ದೀಪಾವಳಿಗೇ ಹೇಳಿದ್ದೆ. ಕೇಳಲಿಲ್ಲ. ಒಂದು ಮಗು ಬಾಯಿ ತುಂಬಾ ಹಾಡಿದ್ದಕ್ಕೆ ಕೈ ಮುರಿಯುವ ದೇವರನ್ನು ನಾನು ನೋಡಿಲ್ಲ.”

ಎರಡು ತಿಂಗಳು, ದಿನಕ್ಕೆ 108 ಸಲ ಬರೆದು ಸಿಗದ ಸಮಾಧಾನ ಆ ಪಾಚಿಯಲ್ಲಿ ಸಿಕ್ಕಿತು.

ಅಜ್ಜಿ ಅವತ್ತೇ ಬದಲಾದರು ಎಂದು ಬರೆದರೆ ಸುಳ್ಳಾಗುತ್ತದೆ. ನನ್ನ ಪಾಲಿನ ನನ್ನೆರಿಯನ್ನು ಮೇಲಿನಿಂದಲೇ ತಟ್ಟೆಗೆ ಹಾಕಿದರು, ಕೈ ತಾಗದ ಹಾಗೆ. ಆದರೆ ತಮ್ಮ ತಟ್ಟೆಯನ್ನೂ ಜಗಲಿಗೇ ತಂದರು. ಇಬ್ಬರೂ ಒಂದೇ ಗೋಡೆಗೆ ಒರಗಿ ತಿಂದೆವು. ಹಾಗೆ ಅವರು ಮೊದಲು ಯಾವತ್ತೂ ಮಾಡಿದ್ದಿಲ್ಲ.

ಆ ಪ್ರಶ್ನೆ ಮಾತ್ರ ನನ್ನನ್ನು ಬಿಡಲಿಲ್ಲ. ಡಿಗ್ರಿಗೆ ಹಾಸ್ಟೆಲ್ ಸೇರಿದಾಗ ರೂಮಿನಲ್ಲಿ ಒಬ್ಬಳು ಲಿಂಗಾಯತರ ಹುಡುಗಿ ಇದ್ದಳು. ಮುಟ್ಟಾದ ದಿನವೂ ಅಂಗೈಯಲ್ಲಿ ಲಿಂಗ ಇಟ್ಟು ಪೂಜೆ ಮಾಡುತ್ತಿದ್ದಳು. ನಾನು ಗಾಬರಿಯಿಂದ ಕೇಳಿದರೆ ಅವಳಿಗೆ ನನ್ನ ಗಾಬರಿಯೇ ಅರ್ಥ ಆಗಲಿಲ್ಲ. ಶರಣರು 12ನೇ ಶತಮಾನದಲ್ಲೇ ಐದು ಸೂತಕ ಬೇಡ ಅಂದಿದ್ದಾರೆ, ಹುಟ್ಟು, ಸಾವು, ಎಂಜಲು, ಜಾತಿ, ಮುಟ್ಟು, ಎಂದಳು. ನಮ್ಮದೇ ರಾಜ್ಯ, ನಮ್ಮದೇ ಭಾಷೆ. ನನಗೆ ಯಾರೂ ಹೇಳಿರಲಿಲ್ಲ! ಅಸ್ಸಾಮಿನ ಕಾಮಾಖ್ಯದಲ್ಲಿ ದೇವಿಯೇ ಮುಟ್ಟಾಗುತ್ತಾಳೆ, ಜೂನ್ ತಿಂಗಳಲ್ಲಿ ಮೂರು ದಿನ ಬಾಗಿಲು ಹಾಕುತ್ತಾರೆ, ಅದಕ್ಕೆ ಜಾತ್ರೆಯೇ ನಡೆಯುತ್ತದೆ ಎಂದೂ ಆಗಲೇ ತಿಳಿದದ್ದು. ಒಂದು ಸಲಕ್ಕೆ ಹೋಗುವ ರಕ್ತ ಸಾಮಾನ್ಯವಾಗಿ 80 ಮಿಲಿಗಿಂತ ಕಡಿಮೆ, ಅದರ ಜೊತೆ ಬರುವುದು ಮಗು ನಿಲ್ಲಲಿ ಎಂದು ಗರ್ಭಕೋಶ ಕಟ್ಟಿಕೊಂಡಿದ್ದ ಒಳಪದರ, ಕೆಟ್ಟ ರಕ್ತ ಅಲ್ಲ. ಇದು ಪಿಯುಸಿ ಪುಸ್ತಕದಲ್ಲೇ ಓದುವ ವಿಷಯ. ಓದಿದ್ದೆ, ಅಂಕವೂ ತೆಗೆದಿದ್ದೆ. ಅದು ನನ್ನ ಮೈಯ ವಿಷಯ ಎಂದು ಮಾತ್ರ ಹೊಳೆದಿರಲಿಲ್ಲ.

ಈಗ ಕೆಲವರು ಹೇಳುತ್ತಾರೆ, ಹಿರಿಯರು ಹೆಂಗಸರಿಗೆ ವಿಶ್ರಾಂತಿ ಸಿಗಲಿ ಎಂದು ಮಾಡಿದ್ದು ಇದು, ತಪ್ಪೇನು? ಅಜ್ಜಿಯ ಮಾತು ಕೇಳಿದವಳು ನಾನು, ವಿಶ್ರಾಂತಿಯನ್ನು ಹಗುರ ಮಾಡುವುದಿಲ್ಲ. ಹೊಟ್ಟೆನೋವಿನ ದಿನ ಯಾರಾದರೂ “ಮಲಗು, ನಾನು ಮಾಡ್ತೇನೆ” ಅಂದರೆ ಅದಕ್ಕಿಂತ ದೊಡ್ಡ ಉಪಕಾರ ಇಲ್ಲ. ಆದರೆ ಮಲಗಲು ಚಾಪೆ ಬೇಕು, ಬೇರೆ ತಟ್ಟೆ ಯಾಕೆ ಬೇಕು? ತಮ್ಮನಿಗೆ ಕಾಗೆಯ ಕತೆ ಯಾಕೆ ಬೇಕು? ಭೂಮಿಗೂ ವಿಶ್ರಾಂತಿ ಕೊಡುತ್ತೇವೆ, ಊರಿಡೀ ಗೊತ್ತಿರುವ ಹಾಗೆ, ಎಣ್ಣೆ ಬಾಚಣಿಗೆ ಇಟ್ಟು, ಸಿಹಿ ಹಂಚಿ. ನಾನು ಕೇಳಿದ್ದು ಅಷ್ಟೇ ಆಗಿತ್ತು.

ಅವತ್ತಿನ ಸಂಜೆಯದ್ದು ಇನ್ನೊಂದು ಉಂಟು. ದೀಪ ಹಚ್ಚುವ ಹೊತ್ತು. ಒಳಗೆ ಅಮ್ಮ ದೇವರ ಕೋಣೆಯಲ್ಲಿ ಬತ್ತಿ ಸರಿಮಾಡುವುದು ಜಗಲಿಯಿಂದಲೇ ಕಾಣುತ್ತಿತ್ತು. ದಿನಾ ಆ ಹೊತ್ತಿಗೆ ಹಾಡುವುದು ನಾನು. ಹೊರಗಾದ ದಿನ ಹಾಡು ಇಲ್ಲ. ದೇವರ ಹೆಸರನ್ನು ಮನಸ್ಸಿನಲ್ಲೂ ಹೇಳಬಾರದು ಎಂದು ನಾನೇ ನಂಬಿದ್ದೆ. ಗಾಳಿ ಜೋರಾಗಿತ್ತು. ಅಂಗಳದಲ್ಲಿ ಎಣ್ಣೆ ಬಿದ್ದ ಜಾಗ ಇನ್ನೂ ಕಪ್ಪಗೆ ಕಾಣುತ್ತಿತ್ತು.

ಚಾಪೆಯ ಮೇಲೆ ಕೂತಲ್ಲೇ ಎತ್ತಿದೆ. ಏಕಾಹದಲ್ಲಿ ಹಾಡಿದ ಅದೇ ದಾಸರ ಪದ. ಮೊದಲ ಸಾಲು ಗಂಟಲಲ್ಲೇ ಉಳಿಯಿತು. ಎರಡನೆಯದು ಹೊರಗೆ ಬಂತು. ಅಮ್ಮ ಬಾಗಿಲಿಗೆ ಬಂದು ನಿಂತರು, ಕೈಯಲ್ಲಿ ಬೆಂಕಿಪೆಟ್ಟಿಗೆ. ನಾನು ನಿಲ್ಲಿಸಲಿಲ್ಲ. ಅವರ ಮುಖ ನೋಡುವ ಧೈರ್ಯ ಇರಲಿಲ್ಲ, ಕಣ್ಣು ಮುಚ್ಚಿಕೊಂಡೆ. ಪಲ್ಲವಿ ಮುಗಿಯಿತು. ಯಾರೂ ಏನೂ ಹೇಳಲಿಲ್ಲ. ಚರಣ ಶುರು ಮಾಡುವಾಗ ಒಳಗಿನಿಂದ ತಾಳದ ಸದ್ದು ಕೇಳಿತು. ಒಂದು ಏಟು ತಡವಾಗಿ ಬಿತ್ತು, ಅಮ್ಮನಿಗೆ ತಾಳ ಹಾಕಿ ರೂಢಿ ಇಲ್ಲ. ಮುಂದಿನ ಸಾಲಿಗೆ ಸರಿಯಾಯಿತು.