ಮೊಬೈಲ್ ಇರುವಾಗ ಆ ಹಳೇ ಪಿಎಸ್‌ಪಿಗೆ ಯಾಕೆ ಆಟ ಬರೆಯುತ್ತೀಯಾ?

ಪಿಎಸ್‌ಪಿ ಅಂದರೆ ಕೈಯಲ್ಲಿ ಹಿಡಿದು ಆಡುವ ಸೋನಿ ಕಂಪನಿಯ ಗೇಮ್ ಯಂತ್ರ. ನನ್ನ ಕೈಯಲ್ಲಿ ಅದನ್ನು ನೋಡಿದವರಿಗೆ ಮೊದಲು ಖುಷಿಯಾಗುತ್ತದೆ. "ಅಯ್ಯೋ, ಇದಿನ್ನೂ ಬದುಕಿದೆಯಾ!" ಅಂತ ಕೈಗೆ ತೆಗೆದುಕೊಳ್ಳುತ್ತಾರೆ. ಪರದೆ ಮೇಲೆ ಒಂದು ಇರುವೆ ಸಕ್ಕರೆ ಹರಳು ಹೊತ್ತುಕೊಂಡು ಓಡುತ್ತಿರುತ್ತದೆ. ಇದ್ಯಾವ ಆಟ ಅಂತ ಕೇಳುತ್ತಾರೆ, ನಾನೇ ಬರೆದದ್ದು ಅನ್ನುತ್ತೇನೆ. ಆಮೇಲೆ ಆ ಪ್ರಶ್ನೆ ಬಂದೇ ಬರುತ್ತದೆ. ಆಟ ಮಾಡೋದಾದರೆ ಮೊಬೈಲಿಗೆ ಮಾಡಬಹುದಲ್ವಾ, ಎಲ್ಲರ ಜೇಬಿನಲ್ಲೂ ಒಂದು ಇದೆ. 2004ರ ಡಿಸೆಂಬರಿನಲ್ಲಿ ಹೊರಬಂದ ಯಂತ್ರವನ್ನು ಹುಡುಕಿ ತಂದು, ಅದರ ಸಾಫ್ಟ್‌ವೇರ್ ಬದಲಿಸಿ, ಅದಕ್ಕೆ ಅಂತಲೇ ಆಟ ಬರೆದರೆ ಆಡೋರು ಯಾರು?

ಹೊತ್ತಿಲ್ಲದಾಗ "ಸುಮ್ನೆ, ಇಷ್ಟ" ಅಂದುಬಿಟ್ಟಿದ್ದೇನೆ. ಅದು ಸುಳ್ಳಲ್ಲ. ಆದರೆ ಕೇಳಿದವರಿಗೆ ಅದರಿಂದ ಏನೂ ತಿಳಿಯುವುದಿಲ್ಲ. ಹಾಗಾಗಿ ಇಲ್ಲಿ ಬಿಡಿಸಿ ಬರೆಯುತ್ತಿದ್ದೇನೆ.

ಈ ಯಂತ್ರ ನನ್ನ ತಲೆಯೊಳಗೆ ಪೂರ್ತಿ ಹಿಡಿಸುತ್ತದೆ. ಅದೇ ಕಾರಣ. ಮೊಬೈಲಿನಲ್ಲಿ ನಾನು ಬರೆದ ಒಂದು ಸಾಲಿಗೂ ಪರದೆ ಮೇಲೆ ಬೆಳಗುವ ಚುಕ್ಕಿಗೂ ನಡುವೆ ಎಷ್ಟು ಪದರ ಇದೆಯೋ, ಅದರಲ್ಲಿ ಯಾವುದು ಮುಂದಿನ ವರ್ಷ ಬದಲಾಗುತ್ತದೋ, ನನಗೆ ಎಂದೂ ಹಿಡಿತಕ್ಕೆ ಸಿಕ್ಕಿಲ್ಲ. ಪಿಎಸ್‌ಪಿಯಲ್ಲಿ ಹಾಗಲ್ಲ. ಇಲ್ಲಿ ಏನಾದರೂ ಕೆಟ್ಟರೆ ಅದು ಯಾಕೆ ಕೆಟ್ಟಿತು ಅನ್ನುವುದನ್ನು ನಾನು ತಳದವರೆಗೆ ಹೋಗಿ ಹುಡುಕಬಹುದು.

ಪರದೆಯಿಂದಲೇ ಶುರು ಮಾಡುತ್ತೇನೆ. ಅಗಲ 480 ಚುಕ್ಕಿ, ಎತ್ತರ 272 ಚುಕ್ಕಿ. ಆದರೆ ಮೆಮೊರಿಯಲ್ಲಿ ಪ್ರತಿ ಸಾಲಿಗೂ 480 ಅಲ್ಲ, 512 ಚುಕ್ಕಿಯ ಜಾಗ ಇಟ್ಟಿರುತ್ತಾರೆ. 512 ಅಂದರೆ ಎರಡರ ಘಾತ, ಲೆಕ್ಕ ಹಾಕುವುದು ಚಿಪ್‌ಗೆ ಸುಲಭ. ಬಲಗಡೆಯ 32 ಚುಕ್ಕಿ ಯಾರಿಗೂ ಕಾಣುವುದಿಲ್ಲ. ಇದು ಗೊತ್ತಿಲ್ಲದೆ ನಾನು ಮೊದಲ ಸಲ 480 ಅಂತಲೇ ಲೆಕ್ಕ ಹಾಕಿ ಒಂದು ಚಿತ್ರ ಬರೆಸಿದಾಗ, ಪ್ರತಿ ಸಾಲೂ ಹಿಂದಿನದಕ್ಕಿಂತ 32 ಚುಕ್ಕಿ ಎಡಕ್ಕೆ ಜಾರಿ, ಇಡೀ ಚಿತ್ರ ಗಾಳಿಗೆ ವಾಲಿದ ಹಾಗೆ ಓರೆಯಾಗಿ ಬಂತು. ಆ ಓರೆಯನ್ನು ನೋಡಿಯೇ ನನಗೆ ಮೆಮೊರಿ ಅಂದರೆ ಏನು ಅಂತ ಅರ್ಥವಾಯಿತು. ಅಲ್ಲಿಯವರೆಗೆ ಚಿತ್ರ ಅಂದರೆ ಚಿತ್ರ ಅಂದುಕೊಂಡಿದ್ದೆ. ಅದು ಒಂದೇ ಉದ್ದನೆಯ ಸಾಲು, ಎಲ್ಲಿ ಮಡಚಬೇಕು ಅಂತ ನಾವು ಹೇಳಬೇಕು, ಅಷ್ಟೇ.

ಮುಂದಿನ ಲೆಕ್ಕ ಇದಕ್ಕಿಂತ ಚೆನ್ನಾಗಿದೆ. ಚಿತ್ರಕ್ಕೆ ಅಂತ ಇರುವ ಮೆಮೊರಿ 2 ಎಂಬಿ, ಅಂದರೆ 2048 ಕೆಬಿ. ಒಂದು ಚುಕ್ಕಿಗೆ 4 ಬೈಟ್ ಹಿಡಿದರೆ ಒಂದು ಪೂರ್ತಿ ಪರದೆಗೆ 512 ಗುಣಿಸು 272 ಗುಣಿಸು 4, ಅಂದರೆ 544 ಕೆಬಿ. ಒಂದು ಪರದೆ ತೋರಿಸುತ್ತಿರುವಾಗ ಇನ್ನೊಂದನ್ನು ಹಿಂದೆ ಬರೆಯಬೇಕಲ್ವಾ, ಹಾಗಾಗಿ ಅದರ ಎರಡರಷ್ಟು, 1088 ಕೆಬಿ. ಯಾವುದು ಮುಂದೆ ಯಾವುದು ಹಿಂದೆ ಅಂತ ನೆನಪಿಡುವ ಆಳದ ಪಟ್ಟಿಗೆ ಚುಕ್ಕಿಗೆ 2 ಬೈಟ್, ಅದು 272 ಕೆಬಿ. ಉಳಿದದ್ದು 688 ಕೆಬಿ. ಇರುವೆ, ಸಕ್ಕರೆ, ಗೋಡೆ, ಬಿರುಕು, ನೀರಿನ ಹನಿ, ಬೇಗ ಬೇಗ ಬಿಡಿಸಬೇಕಾದ ಚಿತ್ರವೆಲ್ಲ ಇಷ್ಟರೊಳಗೆ ಇರಬೇಕು. ಇದನ್ನು ಒಂದು ಹಾಳೆಯಲ್ಲಿ ಬರೆದು ಮೇಜಿನ ಮೇಲೆ ಅಂಟಿಸಿಕೊಂಡಿದ್ದೇನೆ. ಹೊಸ ಚಿತ್ರ ಸೇರಿಸಿದಾಗಲೆಲ್ಲ ಪೆನ್ಸಿಲಿನಲ್ಲಿ ಕಳೆಯುತ್ತೇನೆ. ಮನೆ ಖರ್ಚಿನ ಲೆಕ್ಕದ ಹಾಗೆಯೇ.

ಸಮಯದ ಲೆಕ್ಕವೂ ಹೀಗೇ. ಪ್ರೊಸೆಸರ್ ಮಾಮೂಲಾಗಿ 222 ಮೆಗಾಹರ್ಟ್ಸ್‌ನಲ್ಲಿ, ಅಂದರೆ ಸೆಕೆಂಡಿಗೆ 22.2 ಕೋಟಿ ಬಡಿತದಲ್ಲಿ ಓಡುತ್ತದೆ, ಕೇಳಿಕೊಂಡರೆ 333ಕ್ಕೆ ಏರುತ್ತದೆ, ಬ್ಯಾಟರಿ ಆಗ ಬೇಗ ಇಳಿಯುತ್ತದೆ. ಸೆಕೆಂಡಿಗೆ 60 ಸಲ ಪರದೆ ಬದಲಾಗಬೇಕಾದರೆ ಒಂದೊಂದು ಸಲಕ್ಕೆ ಸಿಗುವುದು ಸುಮಾರು 37 ಲಕ್ಷ ಬಡಿತ. ನನ್ನ ಇರುವೆ ಆಟಕ್ಕೆ ಅದು ಧಾರಾಳ. 333ಕ್ಕೆ ಏರಿಸುವ ಅಗತ್ಯವೇ ಬಂದಿಲ್ಲ.

ಈಗ ಒಂದು ಕಥೆ ಹೇಳಬೇಕು, ಯಾಕಂದರೆ "ಎಮ್ಯುಲೇಟರಿನಲ್ಲೇ ಓಡಿಸಬಹುದಲ್ಲ, ನಿಜವಾದ ಯಂತ್ರ ಯಾಕೆ?" ಅಂತ ಕೇಳುವವರೂ ಇದ್ದಾರೆ. ಎಮ್ಯುಲೇಟರ್ ಅಂದರೆ ಬೇರೆ ಯಂತ್ರದಲ್ಲಿ ಪಿಎಸ್‌ಪಿಯ ಹಾಗೆ ನಟಿಸುವ ಪ್ರೋಗ್ರಾಂ. ಪಿಪಿಎಸ್‌ಎಸ್‌ಪಿಪಿ ಅನ್ನುವ ಒಳ್ಳೆಯದೊಂದು ಇದೆ, 2012ರಲ್ಲಿ ಬಂತು, ಮೊಬೈಲಿನಲ್ಲೂ ಓಡುತ್ತದೆ. ನಾನೂ ದಿನದ ಕೆಲಸಕ್ಕೆ ಅದನ್ನೇ ಬಳಸುತ್ತೇನೆ. ಸಕ್ಕರೆ ಹರಳು ಮಿನುಗಬೇಕು ಅಂತ ಅದರ ಚಿತ್ರವನ್ನು ಪ್ರತಿ ಸಲವೂ ಪ್ರೋಗ್ರಾಮಿನಲ್ಲೇ ಸ್ವಲ್ಪ ಬದಲಿಸುತ್ತಿದ್ದೆ. ಎಮ್ಯುಲೇಟರಿನಲ್ಲಿ ಎಷ್ಟು ಚಂದ ಮಿನುಗಿತು ಅಂದರೆ ನಾನು ಕೂತು ನೋಡುತ್ತಾ ಇದ್ದೆ. ಅದನ್ನೇ ಮೆಮೊರಿ ಸ್ಟಿಕ್ಕಿಗೆ (ಪಿಎಸ್‌ಪಿಯ ಮೆಮೊರಿ ಕಾರ್ಡ್) ಹಾಕಿ ಕೈಯಲ್ಲಿರುವ ಪಿಎಸ್‌ಪಿಯಲ್ಲಿ ಓಡಿಸಿದರೆ, ಹರಳಿನ ಮೇಲೆ ಸಣ್ಣ ಸಣ್ಣ ಅಡ್ಡಗೆರೆಗಳು. ಹರಿದ ಬಟ್ಟೆಗೆ ತಪ್ಪು ಬಣ್ಣದ ದಾರದಲ್ಲಿ ಹೊಲಿಗೆ ಹಾಕಿದ ಹಾಗೆ. ಬರುತ್ತಿದ್ದವು, ಹೋಗುತ್ತಿದ್ದವು.

ಎರಡು ರಾತ್ರಿ ಕೋಡ್ ಓದಿದೆ. ತಪ್ಪೇ ಇಲ್ಲ. ಮೂರನೇ ರಾತ್ರಿ ಪರದೆಯ ಫೋಟೋ ತೆಗೆದು ದೊಡ್ಡದು ಮಾಡಿ ಗೆರೆಯ ಚುಕ್ಕಿಗಳನ್ನು ಎಣಿಸಿದೆ. 16. ಇನ್ನೊಂದು ಗೆರೆ ಎಣಿಸಿದೆ. ಅದೂ 16. ಚುಕ್ಕಿಗೆ 4 ಬೈಟ್, ಹದಿನಾರು ನಾಲ್ಕಲೆ 64. ಕ್ಯಾಶ್ ಅಂದರೆ ಪ್ರೊಸೆಸರ್ ಸದ್ಯಕ್ಕೆ ಬೇಕಾದದ್ದನ್ನು ತನ್ನ ಹತ್ತಿರವೇ ಇಟ್ಟುಕೊಳ್ಳುವ ಮೆಮೊರಿ. ಪಿಎಸ್‌ಪಿಯಲ್ಲಿ ಅದರ ಒಂದು ಸಾಲು, ಅಂದರೆ ಒಮ್ಮೆಗೆ ಸಾಗಿಸುವ ತುಂಡು, ಸರಿಯಾಗಿ 64 ಬೈಟ್! ಆಗ ಹೊಳೆಯಿತು. ನಾನು ಬದಲಿಸಿದ ಚಿತ್ರ ಮೊದಲು ಪ್ರೊಸೆಸರಿನ ಕ್ಯಾಶ್‌ನಲ್ಲಿ ಕೂರುತ್ತದೆ, ಅದು 16 ಕೆಬಿಯ ಪುಟ್ಟ ಜಾಗ. ಚಿತ್ರ ಬಿಡಿಸುವ ಚಿಪ್ ಮಾತ್ರ ಅಲ್ಲಿ ಇಣುಕುವುದಿಲ್ಲ, ಸೀದಾ ಮುಖ್ಯ ಮೆಮೊರಿಗೆ ಹೋಗಿ ಓದುತ್ತದೆ. ಅಲ್ಲಿ ಇನ್ನೂ ಹಳೇ ಚಿತ್ರದ ಚೂರುಗಳು ಇದ್ದವು. ಬಿಡಿಸುವ ಮೊದಲು "ಕ್ಯಾಶ್‌ನಲ್ಲಿ ಇರುವುದನ್ನೆಲ್ಲ ಮೆಮೊರಿಗೆ ಬರೆ" ಅಂತ ಹೇಳುವ ಒಂದೇ ಒಂದು ಸಾಲು ಸೇರಿಸಿದೆ. ಗೆರೆ ಮಾಯ.

ಎಮ್ಯುಲೇಟರ್ ಆ ಕ್ಯಾಶ್‌ನ ಆಟವನ್ನು ನಕಲು ಮಾಡುವುದಿಲ್ಲ, ಹಾಗಾಗಿ ಅಲ್ಲಿ ಎಲ್ಲ ಸರಿಯಾಗಿಯೇ ಕಾಣುತ್ತದೆ. ನಿಜವಾದ ಯಂತ್ರ ಇಲ್ಲದಿದ್ದರೆ ನನಗೆ ಇದು ಗೊತ್ತೇ ಆಗುತ್ತಿರಲಿಲ್ಲ. ಕ್ಯಾಶ್ ಅನ್ನುವ ಪದವನ್ನು ನಾನು ಎಷ್ಟೋ ವರ್ಷದಿಂದ ಓದುತ್ತಿದ್ದೆ, ಪರೀಕ್ಷೆಗೂ ಬರೆದಿದ್ದೆ. ಕಣ್ಣಾರೆ ಕಂಡದ್ದು ಆ ರಾತ್ರಿ. ಆ ಖುಷಿಯನ್ನು ಹೇಗೆ ಹೇಳಲಿ? ಮನೆಯವರನ್ನು ಎಬ್ಬಿಸಿ ತೋರಿಸಿದೆ.

ಇನ್ನು ಮಾರ್ಪಾಡಿನ ವಿಷಯ. ಸೋನಿ ತನ್ನ ಅನುಮತಿ ಪಡೆದ ಕಂಪನಿಗಳಿಗೆ ಮಾತ್ರ ಆಟ ಬರೆಯುವ ಸಲಕರಣೆ ಕೊಡುತ್ತಿತ್ತು, ತನ್ನ ಡಿಜಿಟಲ್ ಸಹಿ ಇಲ್ಲದ ಪ್ರೋಗ್ರಾಂ ಓಡದಂತೆ ಬೀಗ ಹಾಕಿತ್ತು. ಜನ ಆ ಬೀಗವನ್ನು ಬಿಚ್ಚಿದ ಕಥೆಗಳು ನನಗೆ ತುಂಬಾ ಇಷ್ಟ. ಜಪಾನಿನಲ್ಲಿ ಮೊದಲು ಬಂದ ಯಂತ್ರದ ಸಾಫ್ಟ್‌ವೇರಿನ 1.00 ಆವೃತ್ತಿಯಲ್ಲಿ ಬೀಗವೇ ಹಾಕಿರಲಿಲ್ಲ. 1.50ರಲ್ಲಿ ಹಾಕಿದರು. 2005ರಲ್ಲೇ ಜನ ದಾರಿ ಕಂಡುಕೊಂಡರು: ಒಂದೇ ಹೆಸರಿನ ಎರಡು ಫೋಲ್ಡರ್ ಮಾಡಿ ಒಂದರ ಕೊನೆಗೆ ಶೇಕಡಾ ಚಿಹ್ನೆ ಸೇರಿಸಿದರೆ ಸಾಕು, ಯಂತ್ರ ಪರಿಶೀಲಿಸುವುದು ಒಂದನ್ನು, ಓಡಿಸುವುದು ಇನ್ನೊಂದನ್ನು. 2007ರಲ್ಲಿ ಬಂದದ್ದು ಪಂಡೋರಾ ಬ್ಯಾಟರಿ. ಪಿಎಸ್‌ಪಿ ಬ್ಯಾಟರಿಯೊಳಗೆ ಒಂದು ಪುಟ್ಟ ಚಿಪ್ ಇದೆ, ಅದರಲ್ಲಿ ಸೀರಿಯಲ್ ನಂಬರ್ ಇರುತ್ತದೆ. ಆ ನಂಬರನ್ನು ಒಂದು ನಿರ್ದಿಷ್ಟ ಸಂಖ್ಯೆಗೆ ಬದಲಿಸಿದರೆ ಯಂತ್ರ ತಾನು ರಿಪೇರಿಗೆ ಬಂದಿದ್ದೇನೆ ಅಂದುಕೊಂಡು ಮೆಮೊರಿ ಸ್ಟಿಕ್ಕಿನಿಂದಲೇ ಶುರುವಾಗುತ್ತದೆ. ಸತ್ತೇ ಹೋಯಿತು ಅಂದುಕೊಂಡಿದ್ದ ಎಷ್ಟೋ ಪಿಎಸ್‌ಪಿಗಳು ಅದರಿಂದ ಮತ್ತೆ ಎದ್ದವು. ಬ್ಯಾಟರಿಯನ್ನು ಬೀಗದ ಕೈ ಮಾಡಬಹುದು ಅಂತ ಹೊಳೆದದ್ದಾದರೂ ಹೇಗೆ! ಆಮೇಲಿನ ಮಾಡೆಲ್‌ಗಳಲ್ಲಿ ಆ ದಾರಿ ಮುಚ್ಚಿದರು.

ಈಗ ಇಷ್ಟೆಲ್ಲ ಬೇಕಿಲ್ಲ. ಕೊನೆಯ ಅಧಿಕೃತ ಆವೃತ್ತಿ 6.61, ಅದು ಬಂದದ್ದು 2015ರಲ್ಲಿ. ಅದರ ಮೇಲೆ ಆರ್ಕ್ ಅನ್ನುವ ಕಸ್ಟಮ್ ಫರ್ಮ್‌ವೇರನ್ನು (ಆಸಕ್ತರು ಮಾರ್ಪಡಿಸಿದ ಯಂತ್ರದ ಸಾಫ್ಟ್‌ವೇರ್) ಮೆಮೊರಿ ಸ್ಟಿಕ್ಕಿನಿಂದಲೇ ಓಡಿಸಬಹುದು. ಯಂತ್ರವನ್ನು ಪೂರ್ತಿ ಆರಿಸಿ ಮತ್ತೆ ಹಾಕಿದರೆ ಮೊದಲಿನ ಹಾಗೆ ಆಗಿಬಿಡುತ್ತದೆ, ಒಳಗಿನ ಮೆಮೊರಿಗೆ ಕೈ ಹಾಕುವುದೇ ಬೇಡ. ಹೊಸಬರು ಹೀಗೇ ಶುರು ಮಾಡಿ, ಹೆದರಿಕೆ ಕಡಿಮೆ. ಒಳಗಿನ ಮೆಮೊರಿಗೆ ಬರೆಯುವ ಕೆಲಸ ಮಾಡಿದರೆ ಮಾತ್ರ ನಡುವೆ ಕರೆಂಟು ಹೋಗದಂತೆ, ಬ್ಯಾಟರಿ ತುಂಬಿರುವಂತೆ ನೋಡಿಕೊಳ್ಳಲೇಬೇಕು. ಬ್ಯಾಟರಿ ಅಂದೆನಲ್ಲ, ಹಳೇ ಪಿಎಸ್‌ಪಿ ಕೊಂಡರೆ ಮೊದಲು ಹಿಂದಿನ ಮುಚ್ಚಳ ತೆಗೆದು ನೋಡಿ. ಅದು ಉಬ್ಬಿದ್ದರೆ ಚಾರ್ಜ್ ಮಾಡಬೇಡಿ, ಚುಚ್ಚಬೇಡಿ, ತೆಗೆದು ಬದಿಗಿಡಿ.

"ಹಾಗಾದ್ರೆ ಪುಕ್ಕಟೆ ಆಟ ಆಡೋಕೆ ಅಲ್ವಾ ಇದೆಲ್ಲ?" ಅಂತಲೂ ಕೇಳುತ್ತಾರೆ. ಅಲ್ಲ. ಅದೇ ಬಾಗಿಲಿನಿಂದ ಕದ್ದ ಆಟಗಳೂ ಒಳಗೆ ಬರುತ್ತವೆ ಅನ್ನುವುದು ನಿಜ, ಅದಕ್ಕೇ ಕಂಪನಿಗಳಿಗೆ ಈ ಬಾಗಿಲು ಕಂಡರೆ ಆಗುವುದಿಲ್ಲ. ಆದರೆ ಬೇರೆಯವರು ವರ್ಷಗಟ್ಟಲೆ ಕೂತು ಮಾಡಿದ ಆಟವನ್ನು ದುಡ್ಡು ಕೊಡದೆ ಇಳಿಸಿಕೊಳ್ಳುವುದೂ, ನಾನು ಕೂತು ಬರೆದದ್ದನ್ನು ನಾನು ಕೊಂಡ ಯಂತ್ರದಲ್ಲಿ ಓಡಿಸುವುದೂ ಒಂದೇ ಅಲ್ಲ. ನನ್ನ ಮೆಮೊರಿ ಸ್ಟಿಕ್ಕಿನಲ್ಲಿ ಇರುವುದು ನನ್ನವು, ಮತ್ತು ಬರೆದವರೇ ಎಲ್ಲರಿಗೂ ಅಂತ ಕೊಟ್ಟಂಥವು. ಕಾನೂನು ದೇಶದಿಂದ ದೇಶಕ್ಕೆ ಬೇರೆ. ಅಮೆರಿಕದಲ್ಲಿ 2010ರಲ್ಲಿ ಫೋನಿನ ಬೀಗ ಬಿಚ್ಚುವುದಕ್ಕೆ ವಿನಾಯಿತಿ ಸಿಕ್ಕಿತು, 2012ರಲ್ಲಿ ಗೇಮ್ ಕನ್ಸೋಲಿಗೂ ಕೇಳಿದಾಗ ಕೊಡಲಿಲ್ಲ. ನನಗೆ ಅದು ಸರಿ ಅನ್ನಿಸುವುದಿಲ್ಲ, ಆದರೂ ಶುರು ಮಾಡುವ ಮೊದಲು ನಿಮ್ಮಲ್ಲಿ ಏನಿದೆ ಅಂತ ತಿಳಿದುಕೊಳ್ಳಿ.

ಬರೆಯುವುದು ಸಿ ಭಾಷೆಯಲ್ಲಿ. ಬೇಕಾದ ಸಲಕರಣೆಯನ್ನೆಲ್ಲ ಆಸಕ್ತರೇ ಸೇರಿ ಕಟ್ಟಿದ್ದಾರೆ, ಪಿಎಸ್‌ಪಿಎಸ್‌ಡಿಕೆ ಅಂತ ಅದರ ಹೆಸರು, ದುಡ್ಡು ಕೊಡಬೇಕಿಲ್ಲ. ಕಂಪೈಲ್ ಮಾಡಿದರೆ, ಅಂದರೆ ಬರೆದದ್ದನ್ನು ಯಂತ್ರಕ್ಕೆ ಅರ್ಥವಾಗುವ ಹಾಗೆ ಬದಲಿಸಿದರೆ, ಇಬೂಟ್ ಅನ್ನುವ ಒಂದು ಫೈಲ್ ಬರುತ್ತದೆ. ಪ್ರೋಗ್ರಾಂ, ಹೆಸರು, ಮೆನುವಿನಲ್ಲಿ ಕಾಣುವ ಚಿತ್ರ ಎಲ್ಲ ಅದರೊಳಗೇ. ಮೆಮೊರಿ ಸ್ಟಿಕ್ಕಿನ ಗೇಮ್ ಫೋಲ್ಡರಿನಲ್ಲಿ ಆಟಕ್ಕೊಂದು ಫೋಲ್ಡರ್ ಮಾಡಿ ಅದನ್ನು ಇಟ್ಟರೆ ಆಯಿತು.

ಮೆನುವಿನ ಆ ಚಿತ್ರ 144 ಚುಕ್ಕಿ ಅಗಲ, 80 ಚುಕ್ಕಿ ಎತ್ತರ. ನನ್ನ ಆಟದ್ದನ್ನು ಬಿಡಿಸಿದ್ದು ಅಕ್ಕನ ಮಗಳು, ಒಂಬತ್ತು ವರ್ಷ ಅವಳಿಗೆ. ಚೌಕುಳಿ ಹಾಳೆಯಲ್ಲಿ ಬಣ್ಣದ ಪೆನ್ಸಿಲಿನಿಂದ ಬಿಡಿಸಿದಳು. ಇರುವೆಗೆ ಎಂಟು ಕಾಲು ಹಾಕಿದ್ದಳು. ಆರೇ ಇರೋದು ಅಂದೆ. ಹೊರಗೆ ಹೋಗಿ ಒಂದು ಇರುವೆ ಸಾಲಿನ ಪಕ್ಕ ತುಂಬಾ ಹೊತ್ತು ಕುಕ್ಕರಗಾಲಲ್ಲಿ ಕೂತು, ಬಂದು ಎರಡು ಕಾಲು ಅಳಿಸಿದಳು.

ಆಡೋರು ಯಾರು ಅಂತ ಕೇಳಿದಿರಲ್ಲ, ಇವಳು ಆಡುತ್ತಾಳೆ. ಮೊದಲ ಸಲ ಆಡಿ ಕೇಳಿದ್ದು, "ಚಿಕ್ಕಿ, ಇರುವೆ ಯಾಕೆ ಹಿಂದಕ್ಕೆ ಬರಲ್ಲ?" ನಾನು ಹಾಗೆ ಬರೆದಿಲ್ಲ ಅಂದೆ. "ಹಾಗಾದ್ರೆ ಬರಿ" ಅಂದಳು. ಅವಳನ್ನು ಪಕ್ಕದಲ್ಲೇ ಕೂರಿಸಿಕೊಂಡು ನಾಲ್ಕು ಸಾಲು ಸೇರಿಸಿ, ಕಂಪೈಲ್ ಮಾಡಿ, ಯುಎಸ್‌ಬಿಯಲ್ಲಿ ಹಾಕಿ ಕೈಗೆ ಕೊಟ್ಟೆ. ಹತ್ತು ನಿಮಿಷ ಆಗಿರಬಹುದು. ಇರುವೆ ಹಿಂದಕ್ಕೆ ಬಂತು. ಅವಳು ಏನೂ ಮಾತಾಡಲಿಲ್ಲ. ಪಿಎಸ್‌ಪಿಯನ್ನು ತಿರುಗಿಸಿ ಹಿಂಭಾಗ ನೋಡಿದಳು, ಮತ್ತೆ ಮುಂದೆ ನೋಡಿದಳು, ಇಷ್ಟು ದಿನ ಮುಚ್ಚಿದ್ದ ಡಬ್ಬಿ ಒಂದು ಈಗ ತಾನೇ ತೆರೆದುಕೊಂಡ ಹಾಗೆ. ಅಂಗಡಿಯಿಂದ ಬಂದ ಯಾವ ಆಟಕ್ಕೂ ಅವಳು "ಹೀಗೆ ಮಾಡು" ಅಂತ ಹೇಳಿದ್ದಿಲ್ಲ. ಹೇಳಬಹುದು ಅಂತಲೇ ಅವಳಿಗೆ ಗೊತ್ತಿರಲಿಲ್ಲ.

ಈಗ ದಿನಕ್ಕೊಂದು ಬೇಡಿಕೆ. ಮೊನ್ನೆಯಿಂದ ಎರಡನೇ ಇರುವೆ ಬೇಕಂತೆ, ಮೊದಲನೆಯದಕ್ಕೆ ಜೊತೆ. ಮೇಜಿನ ಮೇಲಿನ ಹಾಳೆ ನೋಡಿದೆ. 688ರಲ್ಲಿ ಇನ್ನೂ 212 ಕೆಬಿ ಉಳಿದಿದೆ, ಜಾಗಕ್ಕೆ ತೊಂದರೆ ಇಲ್ಲ. ಕೆಂಪಿರುವೆಯೋ ಕಪ್ಪಿರುವೆಯೋ ಅನ್ನುವುದನ್ನು ಅವಳು ಶನಿವಾರ ಬಂದು ಹೇಳುತ್ತಾಳೆ.